ತುಂಗಾ ಬರೆದವರು

ಹೋದ ದೀಪಾವಳಿಗೆ ರಾಣೆಬೆನ್ನೂರಿಗೆ ಹೋದಾಗ ಕಾಕಾ ನನ್ನ ಕೈಗೆ ಒಂದು ಹಳೇ ಹಾರ್ಡ್ ಡಿಸ್ಕ್ ಇಟ್ಟರು. "ತಮ್ಮಾ, ನೀ ಸಾಫ್ಟ್‌ವೇರ್‌ದಾವ ಅಲ್ಲೇನು, ಇದನ್ನೊಂಚೂರು ನೋಡು" ಅಂದರು. ಕಾಕಾ ಸುಮಾರು ಇಪ್ಪತ್ತು ವರ್ಷ ಡಿಟಿಪಿ ಅಂಗಡಿ ನಡೆಸಿದವರು. ಲಗ್ನಪತ್ರಿಕೆ, ನಾಟಕದ ಹ್ಯಾಂಡ್‌ಬಿಲ್ಲು, ದೇವರಗುಡ್ಡದ ಜಾತ್ರೆಯ ಕರಪತ್ರ, ತೀರಿಹೋದವರ ಶ್ರದ್ಧಾಂಜಲಿ, ಮೆಣಸಿನಕಾಯಿ ದಲಾಲರ ಬಿಲ್ ಬುಕ್ಕು, ಹೀಗೆ ಊರಿನ ಮುಕ್ಕಾಲು ಸುದ್ದಿ ಅವರ ಕಂಪ್ಯೂಟರ್ ದಾಟಿಯೇ ಹೊರಗೆ ಹೋಗಿದೆ. ಅದೆಲ್ಲ ಆ ಡಿಸ್ಕಿನಲ್ಲಿತ್ತು.

ಡಿಸ್ಕ್ ಚೆನ್ನಾಗೇ ಓದಿಸಿಕೊಂಡಿತು. ಫೈಲುಗಳೂ ತೆರೆದುಕೊಂಡವು. ಆದರೆ ಒಳಗೆ ಕನ್ನಡ ಇರಲಿಲ್ಲ. ಇಂಗ್ಲಿಷ್ ಅಕ್ಷರದ ತಲೆ ಮೇಲೆ ಚುಕ್ಕೆ, ಗೀಟು, ಟೋಪಿ ಹಾಕಿದ ಯಾವುದೋ ಯುರೋಪಿನ ಕಸ. ಕಾಕಾ ಬಳಸುತ್ತಿದ್ದ ತಂತ್ರಾಂಶ ಈಗಿಲ್ಲ, ಅದರ ಫಾಂಟೂ ಇಲ್ಲ. ಫಾಂಟ್ ಇಲ್ಲ ಅಂದರೆ ಆ ಬರಹವೇ ಇಲ್ಲ.

ನೂರಾರು ಫೈಲುಗಳ ನಡುವೆ ಒಂದು ಮಾತ್ರ ಸರಿಯಾಗಿ ತೆರೆಯಿತು. 2005ರಲ್ಲಿ, ಕಾಲೇಜಿನ ರಜೆಯಲ್ಲಿ, ನಾನೇ ಕೂತು ಟೈಪ್ ಮಾಡಿದ್ದ ಅಜ್ಜಿಯ ಬೀಸುಕಲ್ಲಿನ ಪದಗಳು. ಫೋನಿಗೆ ಕಳಿಸಿದೆ, ಅಲ್ಲೂ ಓದಲು ಬಂತು. "ಬ್ಯಾಡಗಿ" ಅಂತ ಹುಡುಕಿದೆ, ಅಜ್ಜಿ ತನ್ನ ತವರಿನ ಹೆಸರು ಹೇಳುವ ಸಾಲಿಗೆ ಹೋಗಿ ನಿಂತಿತು. ಅಜ್ಜಿ ಈಗಿಲ್ಲ.

ಆ ಫೈಲನ್ನು ನಾನು ಟೈಪ್ ಮಾಡಿದ್ದು ವಿಂಡೋಸ್ ಎಕ್ಸ್‌ಪಿಯ ಜೊತೆಗೇ ಬರುತ್ತಿದ್ದ "ತುಂಗಾ" ಅನ್ನುವ ಫಾಂಟಿನಲ್ಲಿ. ಅವತ್ತು ಕಾಕಾ ಅದನ್ನು ನೋಡಿ ನಕ್ಕಿದ್ದರು. "ಇದೇನಲೇ ಅಕ್ಷರ, ಇರುವಿ ಸತ್ತು ಬಿದ್ದಂಗ ಕಾಣಸ್ತಾವು." ಸುಳ್ಳೇನಲ್ಲ. ಅಂಗಡಿಯಲ್ಲಿದ್ದ ಚೆಂದದ ಫಾಂಟುಗಳ ಮುಂದೆ ತುಂಗಾ ಬಡಕಲು. ನಾನೂ ಅವರ ಜೊತೆ ನಕ್ಕಿದ್ದೆ. ಈ ಬರಹ ಒಂಥರಾ ಆ ನಗುವಿನ ಸಾಲ ತೀರಿಸೋಕೆ.

ತುಂಗಾ ಬರೆದವರು ಯಾರು? ಕನ್ನಡ ಗಣಕದ ಕಥೆ ಬಂದಾಗ ನಮಗೆ ಕೀಲಿಮಣೆಯ ಕೆ.ಪಿ. ರಾವ್ ಗೊತ್ತು, "ಬರಹ" ಕೊಟ್ಟ ಶೇಷಾದ್ರಿವಾಸು ಗೊತ್ತು, "ನುಡಿ" ತಂದ ಕನ್ನಡ ಗಣಕ ಪರಿಷತ್ತು ಗೊತ್ತು. ಅವರ ಬಗ್ಗೆ ಗೌರವ ಇರಲೇಬೇಕು. ಆದರೆ ಲಕ್ಷಾಂತರ ಮನೆಗಳಲ್ಲಿ, ಕಚೇರಿಗಳಲ್ಲಿ, ಯಾರೂ ಏನೂ ಕೊಳ್ಳದೆ ಕಂಪ್ಯೂಟರಿನ ಜೊತೆಗೇ ಬಂದು ಕೂತ ಕನ್ನಡ ಅಕ್ಷರಗಳ ಹಿಂದಿನ ಹೆಸರು ಕೇಳಿದರೆ ಹೆಚ್ಚಿನವರು ಸುಮ್ಮನಾಗ್ತಾರೆ. ಆ ಹೆಸರು ರಘುನಾಥ ಕೃಷ್ಣ ಜೋಶಿ. ಆರ್.ಕೆ. ಜೋಶಿ. ಮುಂಬೈಯವರು, ಮರಾಠಿಯವರು.

ಜೋಶಿ ಹುಟ್ಟಿದ್ದು 1936ರಲ್ಲಿ. ಮುಂಬೈಯ ಜೆ.ಜೆ. ಸಂಸ್ಥೆಯಲ್ಲಿ ಅನ್ವಯಿಕ ಕಲೆ ಕಲಿತು ಜಾಹೀರಾತು ಕಂಪನಿಗಳಿಗೆ ಸೇರಿದರು. ಉಲ್ಕಾ, ಚೈತ್ರ ಮುಂತಾದ ಕಡೆ ವರ್ಷಗಟ್ಟಲೆ ಕೆಲಸ. ಜೊತೆಗೆ ಮರಾಠಿಯಲ್ಲಿ ಕವಿತೆ ಬರೆಯುತ್ತಿದ್ದರು. ಅಕ್ಷರಗಳನ್ನೇ ಪುಟದ ಮೇಲೆ ಚಿತ್ರದ ಹಾಗೆ ಜೋಡಿಸುವಂಥ ಕವಿತೆ. 1983ರಲ್ಲಿ ಮುಂಬೈ ಐಐಟಿಯ ಕೈಗಾರಿಕಾ ವಿನ್ಯಾಸ ಕೇಂದ್ರಕ್ಕೆ ಪ್ರಾಧ್ಯಾಪಕರಾಗಿ ಹೋದರು. 1996ರವರೆಗೂ ಅಲ್ಲಿ ಅಕ್ಷರ ವಿನ್ಯಾಸ, ಕ್ಯಾಲಿಗ್ರಫಿ ಕಲಿಸಿದರು. ಇಂದು ಭಾರತೀಯ ಲಿಪಿಗಳ ಫಾಂಟ್ ಮಾಡುವ ಎಷ್ಟೋ ಜನರಿಗೆ ಅವರು ಗುರು, ಇಲ್ಲಾ ಗುರುವಿನ ಗುರು.

ನಿವೃತ್ತಿಯ ವಯಸ್ಸಿಗೆ ಬಂದ ಮೇಲೆ ಅವರು ಮುಂಬೈಯ ಎನ್‌ಸಿಎಸ್‌ಟಿ ಎಂಬ ಸರ್ಕಾರಿ ತಂತ್ರಾಂಶ ಕೇಂದ್ರಕ್ಕೆ ಸೇರಿದರು. ಈ ಕೇಂದ್ರ ಮುಂದೆ ಸಿ-ಡ್ಯಾಕ್‌ನಲ್ಲಿ ವಿಲೀನವಾಯಿತು. ಅಲ್ಲಿ ಅವರೂ ಅವರ ತಂಡವೂ ಸೇರಿ ಮೈಕ್ರೋಸಾಫ್ಟ್‌ಗಾಗಿ ಭಾರತೀಯ ಲಿಪಿಗಳ ಯೂನಿಕೋಡ್ ಫಾಂಟುಗಳನ್ನು ಮಾಡಿದರು. ದೇವನಾಗರಿಗೆ ಮಂಗಲ್, ತಮಿಳಿಗೆ ಲತಾ, ಗುಜರಾತಿಗೆ ಶ್ರುತಿ, ಪಂಜಾಬಿಗೆ ರಾವಿ, ತೆಲುಗಿಗೆ ಗೌತಮಿ, ಮಲಯಾಳಕ್ಕೆ ಕಾರ್ತಿಕಾ, ಬಂಗಾಳಿಗೆ ವೃಂದಾ, ಕನ್ನಡಕ್ಕೆ ತುಂಗಾ. ಪಂಜಾಬಿಗೂ ತೆಲುಗಿಗೂ ನಮಗೂ ಸಿಕ್ಕಿದ್ದು ಹೊಳೆಯ ಹೆಸರು. ಹಾವೇರಿ ಜಿಲ್ಲೆಯ ಮೂಡಣ ಅಂಚಿನಲ್ಲಿ ಹರಿಯುವ ತುಂಗಭದ್ರೆಯ ಅರ್ಧ ಹೆಸರು ನಮ್ಮ ಫಾಂಟಿಗಿದೆ ಅನ್ನೋದು ಅಂಗಡಿಯಲ್ಲಿ ನಗುತ್ತಿದ್ದಾಗ ನನಗೆ ಹೊಳೆದಿರಲಿಲ್ಲ.

ಒಂದು ಲಿಪಿಯನ್ನು ಕಂಪ್ಯೂಟರಿನೊಳಗೆ ಕೂರಿಸುವುದು ಅಂದರೆ ಏನು ಅಂತ ತಿಳಿಯಲು ದೂರ ಹೋಗಬೇಕಾಗಿಲ್ಲ. ನಮ್ಮ ಮೂರು ಊರುಗಳ ಹೆಸರು ಬರೆದು ನೋಡಿ.

ಮೊದಲು ಹಾವೇರಿ. ಇದರಲ್ಲಿ "ವೇ" ಇದೆ. ಯೂನಿಕೋಡಿನಲ್ಲಿ ಇದು ವ ಮತ್ತು ಒಂದೇ ಒಂದು ಸ್ವರಚಿಹ್ನೆ. ಕಣ್ಣಿಗೆ ಮಾತ್ರ ಆ ಒಂದು ಚಿಹ್ನೆ ಎರಡು ತುಂಡಾಗಿ ಕಾಣಬೇಕು. ಏತ್ವ ತಲೆಯ ಮೇಲೆ, ದೀರ್ಘ ಬಲಗಡೆ. ಆಮೇಲೆ "ರಿ". ರ ಅಕ್ಷರದ ತಲೆಕಟ್ಟು ಹೋಗಿ ಅದೇ ಜಾಗದಲ್ಲಿ ಗುಡಿಸು ಬರಬೇಕು. ರ ಬರೆದು ಪಕ್ಕದಲ್ಲಿ ಗುಡಿಸು ಇಟ್ಟರೆ ಆಗಲ್ಲ. ಎರಡೂ ಬೆಸೆದ ಹೊಸ ಆಕಾರವನ್ನೇ ಬರೆದಿಡಬೇಕು.

ಎರಡನೆಯದು ಬ್ಯಾಡಗಿ. ನಾವು ಒತ್ತುವ ಕ್ರಮದಲ್ಲಿ ಮೊದಲು ಬ, ಆಮೇಲೆ ಹಲಂತ, ಆಮೇಲೆ ಯ, ಕೊನೆಗೆ ಆ ಸ್ವರ. ಪರದೆಯ ಮೇಲೆ ಆ ಸ್ವರ ಹೋಗಿ ಬ ಅಕ್ಷರಕ್ಕೆ ಅಂಟಿಕೊಂಡು "ಬಾ" ಆಗುತ್ತೆ, ಯ ಒತ್ತು ಅದರ ಆಚೆ ಕೂರುತ್ತೆ. ಕೊನೆಗೆ ಒತ್ತಿದ್ದು ಮೊದಲು ಕಾಣುತ್ತೆ. ನಾವು ಒಂದನೇ ಕ್ಲಾಸಿನಲ್ಲಿ ಕೈಯಿಂದ ಕಲಿತ ಈ ಆಟವನ್ನು ಯಂತ್ರಕ್ಕೆ ಯಾರಾದರೂ ನಿಯಮ ಬರೆದು ಹೇಳಿಕೊಡಬೇಕು.

ಮೂರನೆಯದು ರಾಣೆಬೆನ್ನೂರು. "ನ್ನೂ" ನೋಡಿ. ಒಂದು ನ ಸಾಲಿನ ಮೇಲೆ, ಇನ್ನೊಂದು ಅದರ ಕೆಳಗೆ ಜೋತು, ದೀರ್ಘದ ಕೊಂಬು ಬಲಕ್ಕೆ. ಸಾಲಿನ ಕೆಳಗೆ ಒತ್ತಿಗೆ ಜಾಗ ಬಿಡಲೇಬೇಕು. "ರಾಷ್ಟ್ರ" ಥರದ ಪದ ಬಂದರೆ ಒತ್ತಿನ ಜೊತೆಗೆ ಇನ್ನೊಂದು ಒತ್ತು.

ಈಗ 2001ರ ಮಾನಿಟರ್ ನೆನಪು ಮಾಡಿಕೊಳ್ಳಿ. 12 ಪಾಯಿಂಟಿನ ಅಕ್ಷರಕ್ಕೆ ಅಂದಿನ ಸಾಮಾನ್ಯ ಪರದೆಯಲ್ಲಿ ಸಿಗುತ್ತಿದ್ದ ಎತ್ತರ 16 ಚುಕ್ಕೆ. ಇಂಗ್ಲಿಷಿಗೆ ಅದು ಧಾರಾಳ. ಕನ್ನಡ ಮಾತ್ರ ಅದೇ 16 ಚುಕ್ಕೆಯೊಳಗೆ ತಲೆಯ ಮೇಲಿನ ಏತ್ವ, ನಡುವಿನ ಅಕ್ಷರದ ಮೈ, ಕೆಳಗಿನ ಒತ್ತು ಎಲ್ಲವನ್ನೂ ಹಿಡಿಸಬೇಕು. ತುಂಗಾ ಬಗ್ಗೆ ಎಲ್ಲರೂ ಹೇಳುತ್ತಿದ್ದ ದೂರು ಎರಡು. ಒಂದು, ಅಕ್ಷರ ಸಣ್ಣದು. ಎರಡು, ಸಾಲುಗಳ ನಡುವೆ ಅತಿಯಾದ ಖಾಲಿ ಜಾಗ. ನನ್ನ ಲೆಕ್ಕದಲ್ಲಿ ಎರಡೂ ದೂರು ಒಂದೇ ಕಡೆಯಿಂದ ಹುಟ್ಟಿದ್ದು. ಒತ್ತಿಗೆ ಜಾಗ ಬಿಡಲು ಹೋಗಿ ಅಕ್ಷರದ ಮೈ ಸಣ್ಣದಾಯಿತು, ಸಾಲು ದೂರವಾಯಿತು. ಕಾಕಾ ಕಂಡ ಸತ್ತ ಇರುವೆಗಳು, ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿಗೆ ಬಡಿಯದೆ ಇರಲು ಮೈ ಸಣ್ಣ ಮಾಡಿಕೊಂಡು ನಿಂತ ಅಕ್ಷರಗಳು.

ಇದನ್ನೆಲ್ಲ ಕಾಕಾನ ಅಂಗಡಿಯ ಫಾಂಟುಗಳು ಮಾಡುತ್ತಿರಲಿಲ್ಲವಾ? ಮಾಡುತ್ತಿದ್ದವು, ಇನ್ನೂ ಚೆಂದವಾಗಿಯೇ. ಆದರೆ ಮಾಡುವ ದಾರಿ ಬೇರೆ. ಹಳೆಯ ಪದ್ಧತಿಯಲ್ಲಿ ಇಂಗ್ಲಿಷ್ ಅಕ್ಷರಗಳಿಗೆ ಮೀಸಲಾದ ಜಾಗಗಳಲ್ಲಿ ಕನ್ನಡದ ತುಂಡುಗಳನ್ನು ಇಡುತ್ತಿದ್ದರು. ಒಂದು ಮನೆಯಲ್ಲಿ ತಲೆಕಟ್ಟು, ಇನ್ನೊಂದರಲ್ಲಿ ಕೊಂಬು. ಕಂಪ್ಯೂಟರಿನ ಮಟ್ಟಿಗೆ ಅದು ಇಂಗ್ಲಿಷ್ ಬರಹವೇ, ಮೇಲೆ ಕನ್ನಡದ ಮುಖವಾಡ. ಒಬ್ಬೊಬ್ಬ ತಯಾರಕರದ್ದು ಒಂದೊಂದು ಜೋಡಣೆ. ಮುಖವಾಡ ಕಳೆದುಹೋದ ದಿನ ಒಳಗಿನ ಕಸ ಕಾಣುತ್ತೆ. ಕಾಕಾನ ಡಿಸ್ಕಿಗೆ ಆಗಿದ್ದು ಅದು.

ಯೂನಿಕೋಡಿನಲ್ಲಿ ಕನ್ನಡಕ್ಕೆ 1991ರಿಂದಲೇ ಸ್ವಂತ ಜಾಗ ಇದೆ. ಜಾಗ ಇದ್ದರಷ್ಟೇ ಸಾಲದು. ಅದನ್ನು ತೋರಿಸುವ ಫಾಂಟ್ ಜನರ ಕಂಪ್ಯೂಟರಿನಲ್ಲಿ ಇರಬೇಕು. ವಿಂಡೋಸ್ 2000ರಲ್ಲಿ ದೇವನಾಗರಿ, ತಮಿಳು ಬಂದವು, ಕನ್ನಡ ಬರಲಿಲ್ಲ. 2001ರ ಅಕ್ಟೋಬರಿನಲ್ಲಿ ಎಕ್ಸ್‌ಪಿ ಬಂದಾಗ ತೆಲುಗು, ಗುಜರಾತಿ, ಪಂಜಾಬಿ ಜೊತೆ ಕನ್ನಡವೂ ಬಂತು. ಮಲಯಾಳ, ಬಂಗಾಳಿಯವರು 2004ರ ಎರಡನೇ ಸರ್ವೀಸ್ ಪ್ಯಾಕ್‌ವರೆಗೆ ಕಾಯಬೇಕಾಯಿತು.

ಬಂತು ಅಂದೆನಲ್ಲ, ತಾನಾಗಿ ಕಾಣುತ್ತಿರಲಿಲ್ಲ. ನಿಮಗೀಗ ಮೂವತ್ತೈದರ ಆಚೀಚೆ ವಯಸ್ಸಾಗಿದ್ದರೆ ನೆನಪಿರಬಹುದು. ಕಂಟ್ರೋಲ್ ಪ್ಯಾನೆಲ್‌ಗೆ ಹೋಗಿ, ಭಾಷೆಗಳ ವಿಭಾಗ ತೆರೆದು, "ಸಂಕೀರ್ಣ ಲಿಪಿಗಳು" ಎಂಬ ಚೌಕಕ್ಕೆ ಟಿಕ್ ಹಾಕಬೇಕಿತ್ತು. ಹಾಕಿದ ಕೂಡಲೇ ಅದು ಎಕ್ಸ್‌ಪಿ ಸಿ.ಡಿ. ಕೇಳುತ್ತಿತ್ತು. ನೆಟ್ ಸೆಂಟರಿನ ಹುಡುಗ ಡ್ರಾಯರಿನಲ್ಲಿ ಹತ್ತು ನಿಮಿಷ ತಡಕಾಡಿ, ಗೀರುಬಿದ್ದ ಸಿ.ಡಿ. ತಂದು ಹಾಕಿ, ಮಶೀನ್ ರೀಸ್ಟಾರ್ಟ್ ಮಾಡಿದ ಮೇಲೆ ನನ್ನ ಮುಂದೆ ಕನ್ನಡ ತೆರೆದುಕೊಂಡಿತ್ತು. ಗಂಟೆಗೆ ಹದಿನೈದು ರೂಪಾಯಿ ಕೊಟ್ಟು ಕೂತಲ್ಲಿ ಅಜ್ಜಿಯ ಪದಗಳು ಶುರುವಾದವು. ಈ ಟಿಕ್ಕಿನ ಕಾಟ ತಪ್ಪಿದ್ದು 2007ರ ವಿಸ್ಟಾದಲ್ಲಿ.

ಕನ್ನಡ ವಿಕಿಪೀಡಿಯ ಶುರುವಾಗಿದ್ದು 2003ರಲ್ಲಿ. ಅದರ ಹಿಂದೆಮುಂದೆ ಕನ್ನಡದ ಬ್ಲಾಗುಗಳು, ಅಂತರ್ಜಾಲ ಪತ್ರಿಕೆಗಳು ಒಂದೊಂದೇ ಹುಟ್ಟಿದವು. ಬರೆದವರು ಯಾವ ತಂತ್ರಾಂಶದಲ್ಲಿ ಕುಟ್ಟಿದ್ದರೂ, ವಿಂಡೋಸ್‌ನಲ್ಲಿ ಓದುತ್ತಿದ್ದವರ ಕಣ್ಣಿಗೆ ಅದು ಹೆಚ್ಚಾಗಿ ಬೀಳುತ್ತಿದ್ದುದು ತುಂಗಾ ರೂಪದಲ್ಲೇ. ಒಂದು ಇಡೀ ತಲೆಮಾರಿನ ಆನ್‌ಲೈನ್ ಓದು ಆ ಬಡಕಲು ಅಕ್ಷರಗಳ ಮೇಲೆ ನಡೆದಿದೆ. ಅಮೆರಿಕದಲ್ಲಿದ್ದ ಮಗಳು, ಹಾವೇರಿಯಲ್ಲಿದ್ದ ಅಪ್ಪ ಒಂದೇ ಕನ್ನಡ ಮೇಲ್ ಓದಲು ಇಬ್ಬರೂ ಒಂದೇ ತಂತ್ರಾಂಶ ಕೊಳ್ಳಬೇಕಾಗಿಲ್ಲ ಅನ್ನೋದು ಇವತ್ತು ಎಷ್ಟು ಸಹಜ ಅನ್ನಿಸುತ್ತೆ ಅಂದರೆ, ಅದನ್ನು ಯಾರೋ ಕೂತು ಮಾಡಿದ್ದರು ಅನ್ನೋದೇ ಮರೆತುಹೋಗಿದೆ.

ಹಾಗಂತ ಜೋಶಿಯವರನ್ನು ಪಲ್ಲಕ್ಕಿ ಮೇಲೆ ಕೂರಿಸುವ ಅಗತ್ಯ ಇಲ್ಲ. ತುಂಗಾ ನಿಜಕ್ಕೂ ಚೆಂದದ ಫಾಂಟಲ್ಲ. ಶಾಸನದ ಕನ್ನಡದ ತುಂಬುತನವಾಗಲಿ, ನಮ್ಮ ಹಳೆಯ ಅಚ್ಚುಮೊಳೆಗಳ ದುಂಡಾಗಲಿ ಅದರಲ್ಲಿಲ್ಲ. ಒಂದೇ ದಪ್ಪದ ತೆಳು ಗೆರೆ. ಕನ್ನಡವನ್ನು ಮೊದಲ ಅಕ್ಷರವಾಗಿ ಕಲಿತ ಕೈ ಬರೆದಿದ್ದರೆ ಬೇರೆ ಥರ ಇರುತ್ತಿತ್ತೇನೋ ಅಂತ ನನಗೂ ಅನ್ನಿಸಿದೆ. ಒಂದೇ ತಂಡ ಒಂಬತ್ತು ಹತ್ತು ಭಾಷೆಗಳ ಕೆಲಸ ಮಾಡಿದಾಗ ಎಲ್ಲಾ ಲಿಪಿಗೂ ಒಂದೇ ಅಂಗಿ ಹೊಲಿದ ಹಾಗೆ ಕಾಣುವ ಅಪಾಯ ಇದ್ದೇ ಇರುತ್ತೆ.

ಇನ್ನೊಂದು ಮಾತು ಕೇಳಿದರೆ ಕನ್ನಡಿಗರ ಹುಬ್ಬು ಏರಬಹುದು. ಇದಕ್ಕೆ ಬಹಳ ಮೊದಲು ಜೋಶಿ "ದೇಶನಾಗರಿ" ಎಂಬ ಕಲ್ಪನೆ ಮುಂದಿಟ್ಟಿದ್ದರು. ಭಾರತದ ಎಲ್ಲ ಭಾಷೆಗಳಿಗೂ ಸೇರಿ ಒಂದು ಸಾಮಾನ್ಯ ಲಿಪಿ. ಎಲ್ಲರಿಗೂ ಒಂದೇ ಲಿಪಿ ಅಂದರೆ ಯಾರ ಲಿಪಿ ಉಳಿಯುತ್ತೆ, ಯಾರದ್ದು ಅಳಿಯುತ್ತೆ ಅಂತ ನಮಗೆ ಚೆನ್ನಾಗಿ ಗೊತ್ತು. ಆದರೆ ಅದೇ ಮನುಷ್ಯ ಅರವತ್ತು ದಾಟಿದ ಮೇಲೆ ಕೂತು ಒಂದೊಂದು ಲಿಪಿಗೂ ಅದರದೇ ಫಾಂಟ್ ಮಾಡಿಸಿದರು. ಕನ್ನಡದ ಒತ್ತು ಕನ್ನಡದ್ದೇ, ತೆಲುಗಿನ ತಲೆಕಟ್ಟು ತೆಲುಗಿನದ್ದೇ. ಅವರ ಮನಸ್ಸು ಬದಲಾಗಿತ್ತಾ ಅಂತ ನಾನು ಹೇಳಲಾರೆ. ಕೈ ಮಾಡಿದ ಕೆಲಸ ಮಾತ್ರ ಎಲ್ಲರ ಕಂಪ್ಯೂಟರಿನಲ್ಲಿದೆ. ಅವರನ್ನು ದೇಶನಾಗರಿಯಿಂದ ಅಳೆಯುವವರು ತುಂಗಾವನ್ನೂ ಆ ತಕ್ಕಡಿಯಲ್ಲಿ ಇಡಬೇಕು.

ಹಾವೇರಿಯ ಕಡೆಗೆ ಮರಾಠಿಯಿಂದ ಏನಾದರೂ ಬರುವುದು ಹೊಸದೇನಲ್ಲ. ನಾವು ಮುಂಬೈ ಪ್ರಾಂತ್ಯದಲ್ಲಿದ್ದವರು. ಇದೇ ಸೀಮೆಯಲ್ಲಿ 1869ರಲ್ಲಿ ಹುಟ್ಟಿದ ಗಳಗನಾಥರು ಹರಿ ನಾರಾಯಣ ಆಪಟೆಯವರ ಮರಾಠಿ ಕಾದಂಬರಿಗಳನ್ನು ಕನ್ನಡಕ್ಕೆ ತಂದರು, ಅಗಡಿಯ "ಸದ್ಬೋಧ ಚಂದ್ರಿಕೆ"ಯಲ್ಲಿ ದುಡಿದರು, ತಮ್ಮ ಪುಸ್ತಕಗಳನ್ನು ತಾವೇ ಹೊತ್ತು ಊರೂರು ತಿರುಗಿ ಮಾರಿದರು. ಓದುಗರನ್ನು ಹುಟ್ಟಿಸಿದ್ದಕ್ಕೆ ಗಳಗನಾಥರನ್ನು ನೆನೆಯುತ್ತೇವೆ, ನೆನೆಯಲೇಬೇಕು. ಆ ಪುಸ್ತಕಗಳ ಅಚ್ಚುಮೊಳೆಗೆ ಅಕ್ಷರ ಕೊರೆದವರು, ಮೊಳೆ ಜೋಡಿಸಿದವರು ಯಾರು ಅಂತ ನಾವ್ಯಾರೂ ಕೇಳಿಲ್ಲ. 1817ರಲ್ಲಿ ಸೇರಂಪುರದಲ್ಲಿ ಅಚ್ಚಾದ ಕನ್ನಡ ವ್ಯಾಕರಣ ಅಂದರೆ ವಿಲಿಯಂ ಕೇರಿ ಹೆಸರು ನಾಲಿಗೆ ಮೇಲೆ ಬರುತ್ತೆ. ಆ ಕನ್ನಡ ಮೊಳೆ ಕೊರೆದ ಕೈ ಯಾರದ್ದೆಂದು ಶಾಲೆಯಲ್ಲಿ ಯಾರೂ ಹೇಳಿಕೊಡಲ್ಲ. ಹತ್ತೊಂಬತ್ತನೇ ಶತಮಾನದ ಕನ್ನಡ ಬರಹ, ಅಚ್ಚುಕೂಟಗಳ ಕಥೆಯನ್ನು "ಹೊಸಗನ್ನಡದ ಅರುಣೋದಯ"ದಲ್ಲಿ ಕೆದಕಿ ತೆಗೆದವರು ಇದೇ ಸೀಮೆಯ ಶ್ರೀನಿವಾಸ ಹಾವನೂರರು. ಅವರು ಗ್ರಂಥಪಾಲಕರಾಗಿ ಕೆಲಸ ಮಾಡಿದ್ದೂ ಮುಂಬೈಯಲ್ಲೇ. ಪರದೆಯ ಮೇಲಿನ ಕನ್ನಡಕ್ಕೆ ಅಂಥ ಒಬ್ಬ ಹಾವನೂರರು ಇನ್ನೂ ಬರಬೇಕಿದೆ.

2023ರ ಜನವರಿಯಲ್ಲಿ ಹಾವೇರಿಯಲ್ಲಿ 86ನೇ ಸಾಹಿತ್ಯ ಸಮ್ಮೇಳನ ನಡೆಯಿತಲ್ಲ, ಆಗ ಊರ ತುಂಬ ಫ್ಲೆಕ್ಸು. ಅಕ್ಷರಗಳೆಲ್ಲ ದಪ್ಪಗೆ, ನೆರಳು ಬಿಟ್ಟು, ಬಣ್ಣ ಬಣ್ಣವಾಗಿ. ಒಂದು ಫ್ಲೆಕ್ಸ್ ಅಂಗಡಿಗೆ ಹೋಗಿ ಹುಡುಗನನ್ನು ಕೇಳಿದೆ, "ಯೂನಿಕೋಡ್ ಫಾಂಟ್ ಬಳಸ್ತೀರೇನು?" ಅವನು ನಕ್ಕ. "ಇಲ್ರಿ ಸರ, ಹಳೇವ ಚಂದ ಅದಾವ್ರಿ. ಒಂದಿನದ ಫ್ಲೆಕ್ಸ್‌ಗೆ ಯಾಕ್ರಿ ಅದೆಲ್ಲ?" ಅವನ ಮಾತಿನಲ್ಲಿ ನ್ಯಾಯ ಇದೆ. ಒಂದು ದಿನದ ಫ್ಲೆಕ್ಸ್ ಒಂದು ದಿನ ಉಳಿದರೆ ಸಾಕು. ಕಾಕಾ ಕೂಡ ಲಗ್ನಪತ್ರಿಕೆ ಮಾಡುವಾಗ ಹಾಗೇ ಅಂದುಕೊಂಡಿದ್ದರು. ಆದರೆ ಇಪ್ಪತ್ತು ವರ್ಷದ ಒಂದೊಂದು ದಿನ ಸೇರಿದರೆ ಅದು ಒಂದು ಊರಿನ ಚರಿತ್ರೆ. ಯಾರ ಮನೆ ಮಗಳು ಯಾವ ಊರಿಗೆ ಹೋದಳು, ಯಾವ ಕಂಪನಿಯ ನಾಟಕ ಎಷ್ಟು ದಿನ ಆಡಿತು, ಯಾರು ಯಾವತ್ತು ತೀರಿಕೊಂಡರು. ಬೇರೆಲ್ಲೂ ಬರೆದಿಡದ ಸಂಗತಿಗಳು.

ಅದಕ್ಕೇ ಜೋಶಿಯವರ ಕನ್ನಡದ ಕೆಲಸವನ್ನು ಅಂದಚೆಂದದ ಅಳತೆಗೋಲೊಂದರಿಂದಲೇ ಅಳೆಯುವುದು ತಪ್ಪು ಅಂತ ನನ್ನ ವಾದ. ಗ್ರಾಫಿಕ್ ಡಿಸೈನರ್ ಅಂದರೆ ನಮಗೆ ಲೋಗೋ, ಪೋಸ್ಟರ್, ಮುಖಪುಟ ನೆನಪಾಗುತ್ತೆ. ಕಣ್ಣಿಗೆ ಬಿದ್ದು "ಆಹಾ" ಅನ್ನಿಸುವಂಥವು. ತುಂಗಾ ನೋಡಿ ಯಾರೂ "ಆಹಾ" ಅನ್ನಲಿಲ್ಲ. ಆದರೆ ಅದರ ಜೊತೆಗೆ ಕನ್ನಡ ಬರಹ ಸಾಮಾನ್ಯ ಕಂಪ್ಯೂಟರಿನಲ್ಲಿ ಬರಹವಾಗಿಯೇ ಉಳಿಯಲು ಶುರುವಾಯಿತು. ಹುಡುಕಬಹುದು, ನಕಲು ಮಾಡಬಹುದು, ಕಳಿಸಬಹುದು, ಫಾಂಟ್ ಬದಲಾಯಿಸಿದರೂ ಅಕ್ಷರ ಅಕ್ಷರವೇ.

2012ರ ವಿಂಡೋಸ್ 8ರಲ್ಲಿ ನಿರ್ಮಲಾ ಎಂಬ ಹೊಸ ಫಾಂಟ್ ಬಂದು ತುಂಗಾ ಬದಿಗೆ ಸರಿಯಿತು. ವಿಂಡೋಸ್ 10ರಲ್ಲಿ ಅದು ಬೇಕಿದ್ದವರು ಹಾಕಿಕೊಳ್ಳುವ ಹೆಚ್ಚುವರಿ ಫಾಂಟುಗಳ ಪಟ್ಟಿಗೆ ಹೋಯಿತು. ಈಗ ನೋಟೊ ಸಾನ್ಸ್ ಕನ್ನಡ ಇದೆ, ಬಾಲೂ ತಮ್ಮ ಇದೆ, ಪುಕ್ಕಟೆಯಾಗಿ ಸಿಗುವ ಚೆಂದದ ಫಾಂಟುಗಳು ಎಷ್ಟೋ ಇವೆ. ಅಜ್ಜಿಯ ಫೈಲನ್ನು ನಾನೀಗ ಅದರಲ್ಲೊಂದರಲ್ಲಿ ಓದುತ್ತೇನೆ. ತುಂಗಾ ಹೋಯಿತು, ಅದರಲ್ಲಿ ಬರೆದದ್ದು ಉಳಿಯಿತು. ಅಕ್ಷರ ವಿನ್ಯಾಸಕನಿಗೆ ಇದಕ್ಕಿಂತ ದೊಡ್ಡ ಸರ್ಟಿಫಿಕೇಟು ಯಾವುದಿದೆ ನನಗೆ ಗೊತ್ತಿಲ್ಲ.

ಕೊನೆಯ ವರ್ಷಗಳಲ್ಲಿ ಜೋಶಿ ವೇದದ ಸ್ವರಚಿಹ್ನೆಗಳನ್ನು ಯೂನಿಕೋಡಿಗೆ ಸೇರಿಸುವ ಕೆಲಸಕ್ಕೆ ಬಿದ್ದಿದ್ದರು. 2008ರ ಫೆಬ್ರವರಿಯಲ್ಲಿ ಅಮೆರಿಕದಲ್ಲಿ ತೀರಿಕೊಂಡರು. ಆ ಚಿಹ್ನೆಗಳು ಯೂನಿಕೋಡಿಗೆ ಸೇರಿದ್ದು 2009ರಲ್ಲಿ.

ಕಾಕಾನ ಡಿಸ್ಕಿನ ಕಥೆ ಇನ್ನೂ ಮುಗಿದಿಲ್ಲ. ಹಳೆಯ ಫಾಂಟಿನ ಬರಹವನ್ನು ಯೂನಿಕೋಡಿಗೆ ಬದಲಾಯಿಸುವ ಪರಿವರ್ತಕಗಳು ಕೆಲವಿವೆ, ಕಾಕಾನ ತಂತ್ರಾಂಶದ ಜೋಡಣೆ ಮಾತ್ರ ಅವುಗಳಲ್ಲಿ ಇಲ್ಲ. ಹಾಗಾಗಿ ಉಳಿದಿರುವ ಹಳೇ ಲಗ್ನಪತ್ರಿಕೆಗಳನ್ನು ಪಕ್ಕದಲ್ಲಿಟ್ಟುಕೊಂಡು, ಯಾವ ಕಸ ಯಾವ ಅಕ್ಷರ ಅಂತ ಇಬ್ಬರೂ ಫೋನಿನಲ್ಲಿ ಪಟ್ಟಿ ಮಾಡ್ತಾ ಇದೀವಿ. ಭಾನುವಾರಕ್ಕೆ ಹತ್ತಿಪ್ಪತ್ತು ಅಕ್ಷರ. ಮೊನ್ನೆ "ನ್ನೂ" ಸಿಕ್ಕಿತು. ಊರ ಹೆಸರು ಓದಲು ಬಂದ ಕೂಡಲೇ ಕಾಕಾ ಸ್ವಲ್ಪ ಹೊತ್ತು ಸುಮ್ಮನಿದ್ದು, "ಆ ಇರುವಿ ಅಕ್ಷರ ಬರದಾಂವಾ ಯಾರಂದಿ?" ಅಂತ ಕೇಳಿದರು. ಹೆಸರು ಹೇಳಿದೆ. "ಬರಕೊಂಡೆ ತಡಿ" ಅಂದರು.

ನಿಮ್ಮ ಮನೆಯ ಅಟ್ಟದಲ್ಲೋ ಡ್ರಾಯರಿನಲ್ಲೋ ಇಂಥದ್ದೊಂದು ಡಿಸ್ಕ್ ಇದ್ದರೆ, ಅದರ ಫಾಂಟಿನ ಹೆಸರು ನೆನಪಿರುವವರು ಇರುವಾಗಲೇ ತೆರೆದು ನೋಡಿ.